ಹೊಲಕ್ಕೆ ಪೆಟ್ಟು ಬಿದ್ದಿಲ್ಲ, ರೈತನ ಕಾಲಿಗೆ ಬಿದ್ದೈತಿ

ಪ್ರತಿ ಸಲ ಹೆಸರು, ಹತ್ತಿ, ಕಡ್ಲಿ, ಮೆಣಸಿನಕಾಯಿ ಬಗ್ಗೆ ಬರೀತೀನಿ. ಈ ಸಲ ಬೆಳಿ ಸುದ್ದಿ ಬಿಟ್ಟು ಆ ಬೆಳಿ ಬೆಳೆಯೋ ಮೈ ಸುದ್ದಿ ಬರೀಬೇಕು ಅನ್ನಿಸೇತಿ. ಸ್ವಲ್ಪ ಉದ್ದ ಆಗತೈತಿ, ಸಂಜಿಗೆ ಪುರಸೊತ್ತಿದ್ದಾಗ ಓದ್ರಿ.

ನಮ್ಮ ಭಾಗದಾಗ ರಸ್ತೆ ಅಪಘಾತ ಆಗಿ ರೈತ ಕೈಕಾಲು ಮುರ್ಕೊಂಡಾಗ ಎರಡು ಮಾತು ಕೇಳಿಬರತಾವ. ಊರಾಗ ಹಿರೇರು ಹೇಳೋ ಮಾತು, "ಹೋಗಲಿ ಬಿಡೋ ತಮ್ಮಾ, ಜೀವ ಉಳೀತಲ್ಲ." ಕೋರ್ಟಿನಾಗ ವಿಮಾ ಕಂಪನಿ ವಕೀಲರು ಹೇಳೋ ಮಾತು, "ಹೊಲ ಎಲ್ಲೂ ಹೋಗಿಲ್ಲಲ್ಲ, ಇವರಿಗೆ ಏನು ನಷ್ಟ?" ಒಂದು ಮಾತು ಪ್ರೀತಿಲೆ ಹೇಳತಾರ, ಇನ್ನೊಂದು ಪಗಾರ ತಗೊಂಡು ಹೇಳತಾರ. ಕೊನಿಗೆ ಎರಡರ ಲೆಕ್ಕಾನೂ ಒಂದೇ: ರೈತನ ಮೈ ದುಡಿಮೆಗೆ ಬೆಲಿ ಇಲ್ಲ. ಈ ಎರಡೂ ಮಾತಿಗೆ ನನ್ನ ತಕರಾರು ಐತಿ.

ಮೊದಲು ನಾವು ಎಂಥಾ ರಸ್ತೆ ಮ್ಯಾಲೆ ಅಡ್ಡಾಡತೀವಿ ನೋಡ್ರಿ. ನವಲಗುಂದದಿಂದ ಹುಬ್ಬಳ್ಳಿಗೆ, ಅಲ್ಲಿಂದ ಕಲಘಟಗಿ ದಾಟಿ ಯಲ್ಲಾಪುರ ಕಡೆ ಹೋಗೋದು ರಾಷ್ಟ್ರೀಯ ಹೆದ್ದಾರಿ 52. ಹುಬ್ಬಳ್ಳಿಯಿಂದ ಅಣ್ಣಿಗೇರಿ ಮ್ಯಾಲೆ ಗದಗಕ್ಕೆ ಹೋಗೋದು 67. ಇವು ಲಾರಿ, ಬಸ್ಸು ಓಡೋ ಹೆದ್ದಾರಿ. ನಮಗ ಮಾತ್ರ ಹೊಲಕ್ಕೆ ಹೋಗೋ ದಾರಿನೂ ಇವೇ. ಹಾಲಿನ ಕ್ಯಾನ್ ಕಟ್ಟಿದ ಬೈಕು, ಹಿಂದ ದೀಪ ಇಲ್ಲದ ಟ್ರೇಲರ್, ಚಕ್ಕಡಿ, ಕಸ ತಗಿಯಾಕ ಹೊಂಟ ಹೆಣ್ಣಾಳು ತುಂಬಿದ ಟಾಟಾ ಏಸ್, ಎಲ್ಲಾ ಒಂದೇ ಡಾಂಬರಿನ ಮ್ಯಾಲೆ. 2021ರ ಜನವರಿ 15ರಂದು ಹುಬ್ಬಳ್ಳಿ-ಧಾರವಾಡ ಬೈಪಾಸಿನಾಗ ಇಟಿಗಟ್ಟಿ ಹತ್ರ ದಾವಣಗೆರೆ ಹೆಣ್ಣುಮಕ್ಕಳು ಹೊಂಟಿದ್ದ ಟೆಂಪೋ ಟ್ರಾವೆಲರ್‌ಗೂ ಟಿಪ್ಪರ್‌ಗೂ ಡಿಕ್ಕಿ ಆಗಿ ಹತ್ತಕ್ಕೂ ಹೆಚ್ಚು ಜನ ಹೋದ್ರು. 2022ರ ಮೇ ತಿಂಗಳಾಗ ಧಾರವಾಡ ತಾಲೂಕಿನ ಬಾಡ ಹತ್ರ ಮದುವಿ ಮಂದಿ ಇದ್ದ ಕ್ರೂಸರ್ ಮರಕ್ಕೆ ಬಡೀತು. ಅವು ದೇಶಕ್ಕೆಲ್ಲಾ ಸುದ್ದಿ ಆದವು. ಒಬ್ಬ ರೈತನ ಮೊಣಕಾಲು ಮುರಿದದ್ದು ಯಾವ ಪೇಪರಿನಾಗೂ ಬರೂದಿಲ್ಲ. ಅದು ಬರೋದು ಮುಂದಿನ ಇಪ್ಪತ್ತು ವರ್ಷ ಅವನ ಹೊಲದಾಗ.

ನಂದೇ ಲೆಕ್ಕ ಮುಂದ ಇಡತೀನಿ. 2018ರ ಅಕ್ಟೋಬರ್, ಹಿಂಗಾರಿ ಬಿತ್ತಿಗಿ ಹಂಗಾಮ. ಬೈಕ್ ಮ್ಯಾಲೆ ಹೊಲದಿಂದ ಊರಿಗೆ ಬರೋ ಮುಂದ ಹಿಂದಿನಿಂದ ಒಂದು ಸರಕು ಗಾಡಿ ಬಡೀತು. ಬಲಗಾಲಾಗ ಮೊಣಕಾಲಿನ ಕೆಳಗ ಎರಡೂ ಎಲುಬು ಮುರಿದು ರಾಡ್ ಹಾಕಿದ್ರು. ಆವಾಗ ನನಗ 47 ವರ್ಷ. ಇರೋದು 4 ಎಕರೆ ಎರಿ ಹೊಲ. ಫಿರ್ಯಾದಿ ಆತು, ಚಾರ್ಜ್‌ಶೀಟ್ ಆತು, ಕ್ಲೇಮ್ ಹಾಕಿದೆ. ಪಾಟೀಸವಾಲಿನಾಗ ಕಂಪನಿ ವಕೀಲರು ನನ್ನ ಉತಾರ ಕೈಯಾಗ ಹಿಡಕೊಂಡು ಮೂರು ಪ್ರಶ್ನೆ ಕೇಳಿದ್ರು. ಹೊಲ ಇನ್ನೂ ನಿಮ್ಮ ಹೆಸರಿಗೇ ಐತಿ? ಹೌದ್ರಿ. ಅಪಘಾತದ ಮುಂದಿನ ವರ್ಷಾನೂ ಬೆಳಿ ಬೆಳೆದೀರಿ? ಹೌದ್ರಿ. ಹಂಗಾದ್ರ ನಿಮ್ಮ ಆದಾಯ ನಿಂತಿಲ್ಲ? ಇದಕ್ಕೂ "ಹೌದು, ಇಲ್ಲ" ಅಂತ ಒಂದೇ ಶಬ್ದದಾಗ ಉತ್ತರ ಹೇಳ್ರಿ ಅಂದ್ರು.

ಒಂದೇ ಶಬ್ದದಾಗ ಹೆಂಗ ಹೇಳಬೇಕ್ರಿ? ಮಳಿ ಆದಮ್ಯಾಲೆ ಎರಿ ಮಣ್ಣಿನಾಗ ನಡೆದವರಿಗೆ ಗೊತ್ತು, ಒಂದೊಂದು ಕಾಲಿಗೆ ಎರಡೆರಡು ಕೆಜಿ ಕೆಸರು ಹತ್ತತೈತಿ. ಆ ಕಾಲು ಕಿತ್ತಿ ಕಿತ್ತಿ ಇಡಬೇಕು. ಎಡಿ ಹೊಡಿಯೋ ಮುಂದ ಎತ್ತಿನ ಹಿಂದ ದಿನಾ ಹತ್ತು ಹದಿನೈದು ಕಿಲೋಮೀಟರ್ ಹೆಜ್ಜಿ ಆಗತೈತಿ. 16 ಲೀಟರಿನ ಪಂಪು ಬೆನ್ನಿಗೆ ಹಾಕ್ಕೊಂಡು ಹತ್ತಿ ಸಾಲಿನಾಗ ಔಷಧ ಹೊಡೀಬೇಕು. ಕುಕ್ಕರಗಾಲಿಲೆ ಕೂತು ಕಸ ತಗೀಬೇಕು. ಚೀಲ ಹೊತ್ತು ಟ್ರೇಲರ್ ಏರಿಸಬೇಕು. ಈ ಐದು ಕೆಲಸದಾಗ ನಾಲ್ಕು ನನ್ನಿಂದ ಆಗೂದಿಲ್ಲ. ಹೊಲ ಬೆಳೀತು ಖರೆ, ಅದನ್ನ ಬೆಳೆದವರು ಆಳು. ಅಪಘಾತದ ಮುಂದಿನ ಒಂದು ವರ್ಷದಾಗ, ಮೊದಲು ನಾನೇ ಮಾಡ್ತಿದ್ದ ಕೆಲಸಕ್ಕೆ ಆಳಿಗೆ ಕೊಟ್ಟದ್ದು 58,400 ರೂಪಾಯಿ. ದಿನಾಂಕ, ಕೆಲಸ, ಎಷ್ಟು ಆಳು, ಎಷ್ಟು ರೊಕ್ಕ ಅಂತ ನೋಟ್‌ಬುಕ್ಕಿನಾಗ ಬರೆದಿಟ್ಟಿದ್ದೆ.

ಈಗ ಕೆಳಗಿನ ಕೋರ್ಟಿನ ಲೆಕ್ಕ ನೋಡ್ರಿ. ಡಾಕ್ಟರು ಬಲಗಾಲಿಗೆ ಶೇಕಡಾ 30 ಊನ ಅಂತ ಬರೆದುಕೊಟ್ಟಿದ್ರು. ಅದರಾಗ ಮೂರನೇ ಒಂದು ಪಾಲು ಅಷ್ಟ ಪೂರ್ತಿ ಮೈಗೆ ಹಿಡೀಬೇಕು ಅಂತ ಶೇಕಡಾ 10 ಮಾಡಿದ್ರು. ಆದಾಯ ತಿಂಗಳಿಗೆ 8,000 ಹಿಡಿದ್ರು. ವಯಸ್ಸಿಗೆ ತಕ್ಕ ಗುಣಕ 13. ಎಂಟು ಸಾವಿರ, ಹನ್ನೆರಡು ತಿಂಗಳು, ಹದಿಮೂರು ವರ್ಷ, ಅದರಾಗ ಹತ್ತನೇ ಒಂದು ಪಾಲು. ಒಟ್ಟು 1,24,800. ಅಂದ್ರ ವರ್ಷಕ್ಕೆ ನನ್ನ ನಷ್ಟ 9,600 ರೂಪಾಯಿ ಅಂತ ಆತು. ನೋಟ್‌ಬುಕ್ಕು 58,400 ಅಂತೈತಿ, ತೀರ್ಪು 9,600 ಅಂತೈತಿ. ಇದಕ್ಕೆ ನ್ಯಾಯವಾದ ಪರಿಹಾರ ಅಂತ ಹೆಸರು. ಕಾಯ್ದೆದಾಗೂ ಅದೇ ಶಬ್ದ ಐತಿ: ಮೋಟಾರು ವಾಹನ ಕಾಯ್ದೆ 1988ರ 168ನೇ ಕಲಂ, ನ್ಯಾಯಮಂಡಳಿಗೆ ನ್ಯಾಯವಾಗಿ ಕಾಣೋವಷ್ಟು ಪರಿಹಾರ ಕೊಡಬೇಕು ಅನ್ನತೈತಿ.

ಈ ಗುಣಕ ಅನ್ನೋದು ಏನು ಅಂತ ಭಾಳ ಮಂದಿ ಕೇಳತಾರ. ಸುಪ್ರೀಂ ಕೋರ್ಟು 2009ರ ಸರಳಾ ವರ್ಮಾ ತೀರ್ಪಿನಾಗ ವಯಸ್ಸಿನ ಪ್ರಕಾರ ಒಂದು ಕೋಷ್ಟಕ ಹಾಕಿಕೊಟ್ಟೈತಿ. 31ರಿಂದ 35 ವಯಸ್ಸಿಗೆ 16, 36ರಿಂದ 40ಕ್ಕೆ 15, 41ರಿಂದ 45ಕ್ಕೆ 14, 46ರಿಂದ 50ಕ್ಕೆ 13, 51ರಿಂದ 55ಕ್ಕೆ 11, 56ರಿಂದ 60ಕ್ಕೆ 9. ಗುಣಕದ ಬಗ್ಗೆ ಜಗಳಿಲ್ಲ, ಅದು ಎಲ್ಲಾರಿಗೂ ಒಂದೇ. ಜಗಳ ಇರೋದು ಉಳಿದ ಎರಡು ಅಂಕಿ ಮ್ಯಾಲೆ: ಊನ ಎಷ್ಟು, ಆದಾಯ ಎಷ್ಟು. ರೈತ ಸೋಲೋದು ಈ ಎರಡರಾಗ.

ಮೊದಲು ಊನ. ಕಾಲಿನ ಶೇಕಡಾ ಮೂರರಿಂದ ಭಾಗಿಸೋದು ನಮ್ಮ ರಾಜ್ಯದ ಕ್ಲೇಮ್ ಕೋರ್ಟಿನಾಗ ಒಂದು ರೂಢಿ ಆಗಿಬಿಟ್ಟೈತಿ. ರೂಢಿಗೂ ಕಾನೂನಿಗೂ ಫರಕ್ ಐತಿ. 2010ರಾಗ ರಾಜಕುಮಾರ್ ವಿರುದ್ಧ ಅಜಯ್ ಕುಮಾರ್ ಅನ್ನೋ ಪ್ರಕರಣದಾಗ ಸುಪ್ರೀಂ ಕೋರ್ಟು ಸ್ಪಷ್ಟ ಹೇಳೈತಿ: ಮೈಯ ಊನ ಬೇರೆ, ದುಡಿಯೋ ಶಕ್ತಿಯ ನಷ್ಟ ಬೇರೆ. ಗಾಯ ಆಗೋ ಮೊದಲು ಆ ಮನುಷ್ಯ ಏನು ಕೆಲಸ ಮಾಡ್ತಿದ್ದ, ಈಗ ಅದರಾಗ ಏನು ಮಾಡಬಲ್ಲ, ಏನು ಮಾಡಲಾರ ಅನ್ನೋದನ್ನ ನೋಡಬೇಕು. ಅಲ್ಲೇ ಒಂದು ಉದಾಹರಣಿ ಕೊಟ್ಟಾರ. ಎಡಗೈ ಹೋದ್ರ ಡ್ರೈವರನಿಗೆ, ಬಡಿಗ್ಯಾನಿಗೆ ಹೆಚ್ಚೂಕಡಿಮಿ ನೂರಕ್ಕೆ ನೂರು ನಷ್ಟ. ಅದೇ ಎಡಗೈ ಸರ್ಕಾರಿ ಗುಮಾಸ್ತನಿಗೆ ಹೋದ್ರ ಅವನ ನೌಕರಿ ಉಳೀಬಹುದು. ಕೈ ಒಂದೇ, ನಷ್ಟ ಬೇರೆ ಬೇರೆ. ಇದನ್ನ ನಮ್ಮ ಕಾಲಿಗೆ ಹಚ್ಚಿ ನೋಡ್ರಿ. ಬ್ಯಾಂಕಿನ ಮ್ಯಾನೇಜರ್ ಕಾಲಿಗೆ ರಾಡ್ ಹಾಕಿದ್ರ ಅವರು ಮೂರು ತಿಂಗಳಿಗೆ ಕುರ್ಚಿ ಮ್ಯಾಲೆ ಬಂದು ಕೂಡತಾರ, ಪಗಾರ ಪೂರ್ತಿ ಬರತೈತಿ. ನಮಗ ಕುರ್ಚಿ ಎಲ್ಲಿ ಐತ್ರಿ? ನಮ್ಮ ಆಫೀಸು ಎರಿ ಹೊಲ. ಅಲ್ಲಿ ಕಾಲೇ ಬಂಡವಾಳ.

ಇದನ್ನ ನಮ್ಮ ಪರವಾಗಿ ಯಾರೂ ತಾವಾಗಿ ಹೇಳೂದಿಲ್ಲ. ಡಾಕ್ಟರು ಸಾಕ್ಷಿ ಹೇಳೋ ಮುಂದ "30 ಶೇಕಡಾ" ಅಂತ ಹೇಳಿ ಇಳಿದು ಹೋಗತಾರ. ನಮ್ಮ ವಕೀಲರು ಅವರನ್ನ ಕೇಳಬೇಕು: ಈ ಮನುಷ್ಯ ಕುಕ್ಕರಗಾಲಿಲೆ ಕೂಡಬಹುದೇನು? ಭಾರ ಹೊತ್ತು ಏರಬಹುದೇನು? ಕೆಸರಿನಾಗ ನಡೀಬಹುದೇನು? ಟ್ರ್ಯಾಕ್ಟರ್ ಬ್ರೇಕು ತುಳೀಬಹುದೇನು? ಈ ನಾಲ್ಕು ಪ್ರಶ್ನೆಗೆ ಡಾಕ್ಟರ ಬಾಯಿಂದ ಬಂದ ಉತ್ತರ ದಾಖಲಾದ್ರ ಮೂರರಿಂದ ಭಾಗಿಸೋ ರೂಢಿಗೆ ಎದುರು ನಿಲ್ಲಾಕ ಒಂದು ಕಂಬ ಸಿಕ್ಕಂಗ.

ಎರಡನೇದು ಆದಾಯ. ರೈತನ ಹತ್ರ ಪಗಾರ ಚೀಟಿ ಇರೂದಿಲ್ಲ. ಪುರಾವೆ ಇಲ್ಲದವರಿಗೆ ಅಂತ ಕರ್ನಾಟಕ ರಾಜ್ಯ ಕಾನೂನು ಸೇವೆಗಳ ಪ್ರಾಧಿಕಾರ ಲೋಕ ಅದಾಲತ್ ಸಲುವಾಗಿ ವರ್ಷವಾರು ಒಂದು ಅಂದಾಜು ಆದಾಯದ ಪಟ್ಟಿ ಮಾಡೈತಿ. ಹೈಕೋರ್ಟಿನ ಧಾರವಾಡ ಪೀಠದ ತೀರ್ಪುಗಳಾಗ 2018ರ ಅಪಘಾತಕ್ಕೆ ತಿಂಗಳಿಗೆ 11,750 ಹಿಡಿದದ್ದು ಈ ಪಟ್ಟಿ ಪ್ರಕಾರ. ದಿನಕ್ಕೆ ಲೆಕ್ಕ ಹಾಕಿದ್ರ 392 ರೂಪಾಯಿ ಆಗತೈತಿ. ಪುರಾವೆ ಏನೂ ಇಲ್ಲದ ಕೂಲಿಯವನಿಗೂ ಕನಿಷ್ಠ ಇಷ್ಟು ಅನ್ನೋದು ಈ ಪಟ್ಟಿ. ಆದ್ರ ಬಿತ್ತಿಗಿ ಯಾವಾಗ, ಔಷಧ ಯಾವುದು, ಮಾರೋದು ಯಾವಾಗ ಅಂತ ನಿರ್ಧಾರ ಮಾಡಿ, ಮೈ ಮುರಿದು ದುಡಿದು, ಸಾಲದ ಹೊರಿನೂ ಹೊರೋ ರೈತನಿಗೂ ಅದೇ ಅಂಕಿ ಹಾಕಿ ಕೈ ತೊಳಕೊಳ್ಳತಾರ. ನನ್ನ ಪ್ರಕರಣದಾಗ ಅಷ್ಟೂ ಹಿಡೀಲಿಲ್ಲ.

ನೆಲದ ಪಾಯ ಛಾವಣಿ ಆಗಬಾರದು. 2014ರಾಗ ಸುಪ್ರೀಂ ಕೋರ್ಟು ನಮ್ಮ ಕರ್ನಾಟಕದ್ದೇ ಒಬ್ಬ ತರಕಾರಿ ವ್ಯಾಪಾರಿ ಪ್ರಕರಣದಾಗ ಏನು ಹೇಳ್ತು ಗೊತ್ತೇನು? ತರಕಾರಿ ಮಾರೋ ಮನುಷ್ಯ ಆದಾಯಕ್ಕೆ ದಾಖಲೆ ತರಬೇಕು ಅನ್ನೋದು ಸರಿಯಲ್ಲ ಅಂತ ಹೇಳಿ, ಕೆಳಗಿನವರು 3,500 ಹಿಡಿದಿದ್ದ ತಿಂಗಳ ಆದಾಯ 6,500 ಮಾಡ್ತು. ಒಂದು ಕಾಲು ಕಳಕೊಂಡಿದ್ದ ಅವನ ದುಡಿಮೆ ನಷ್ಟ ಶೇಕಡಾ 85 ಅಂತ ಹಿಡೀತು. ದಾಖಲೆ ಇಲ್ಲದ ವ್ಯಾಪಾರಿಗೆ ಇಷ್ಟು ಆಗೋದಾದ್ರ, ಉತಾರ, ಎಪಿಎಂಸಿ ಪಟ್ಟಿ, ಹಾಲಿನ ಡೇರಿ ಪಾಸ್‌ಬುಕ್, ಬೆಳಿಸಾಲದ ಕಾಗದ ಇರೋ ರೈತನಿಗೆ ಯಾಕ ಆಗಬಾರದು?

ಇಲ್ಲಿ ಕಂಪನಿ ಕಡೆಯವರ ಒಂದು ಮಾತಿಗೆ ನೇರ ಉತ್ತರ ಕೊಡಬೇಕು, ಯಾಕಂದ್ರ ಅದರಾಗ ಅರ್ಧ ಖರೆ ಐತಿ. "ಹೊಲ ಲಾವಣಿಗೆ ಹಾಕಿದ್ರ ರೊಕ್ಕ ಬರತೈತಿ, ಆದಾಯ ಪೂರ್ತಿ ನಿಲ್ಲೂದಿಲ್ಲ." ಹೌದು, ಬರತೈತಿ. ಹರಿಯಾಣದ ಒಂದು ಪ್ರಕರಣದಾಗ 2003ರಾಗ ಸುಪ್ರೀಂ ಕೋರ್ಟು ಕೂಡ, ರೈತ ಸತ್ತರೂ ಜಮೀನು ಕುಟುಂಬಕ್ಕೆ ಉಳೀತೈತಿ, ಮೇಲ್ವಿಚಾರಣೆ ನಷ್ಟ ಅಷ್ಟ ನೋಡಬೇಕು ಅನ್ನೋ ಅರ್ಥದ ಮಾತು ಹೇಳೈತಿ. ಕಂಪನಿ ವಕೀಲರು ಇವತ್ತಿಗೂ ಅದನ್ನೇ ಓದತಾರ. ನಾನು ಕೇಳೋದು ಇಷ್ಟ: ಲಾವಣಿ ರೊಕ್ಕ ಭೂಮಿಯ ಗಳಿಕೆ. ಅದು ಅಪಘಾತಕ್ಕೂ ಮೊದಲೂ ನನ್ನದೇ. ಸ್ವಂತ ದುಡಿದಾಗ ಕೈಯಾಗ ಉಳಿಯೋ ರೊಕ್ಕಕ್ಕೂ, ಲಾವಣಿ ಹಾಕಿದ್ರ ಬರೋ ರೊಕ್ಕಕ್ಕೂ ನಡುವಿನ ಫರಕ್ ಏನೈತಿ, ಅದು ನನ್ನ ಮೈಯ ಗಳಿಕೆ. ಲಾರಿ ಬಡಿದದ್ದು ಆ ಮೈಗೆ. ನಾಲ್ಕೈದು ಎಕರೆ ಇರೋನು ಗದ್ದುಗಿ ಮ್ಯಾಲೆ ಕೂತು ಮೇಲ್ವಿಚಾರಣೆ ಮಾಡೋ ಜಮೀನ್ದಾರ ಅಲ್ರಿ. ಅವನೇ ಒಡೆಯ, ಅವನೇ ಆಳು. ಆಳು ಸತ್ತು ಒಡೆಯ ಉಳಿದ್ರ ಮನಿ ನಡೆಯೂದಿಲ್ಲ.

ಹೆಣ್ಣುಮಕ್ಕಳ ವಿಷಯದಾಗ ಇನ್ನೂ ಅನ್ಯಾಯ. ಅವ್ವನೋ ಅಕ್ಕನೋ ಕಸ ತಗಿಯಾಕ ಹೋಗೋ ಮುಂದ ಗಾಡಿ ಪಲ್ಟಿ ಆಗಿ ಕೈ ಮುರೀತು ಅಂದ್ರ ಅರ್ಜಿದಾಗ "ಮನೆಕೆಲಸ" ಅಂತ ಬರೆದು ಬಿಡತಾರ, ಎದುರಿನವರು ಆದಾಯನೇ ಇಲ್ಲ ಅಂತಾರ. ಬೆಳಿಗ್ಗೆ ಐದಕ್ಕೆ ಎದ್ದು ಹೆಂಡಿ ಬಳದು, ಹಾಲು ಹಿಂಡಿ, ರೊಟ್ಟಿ ಬಡಿದು, ಆಮ್ಯಾಲೆ ಹೊಲಕ್ಕೆ ಹೋಗೋ ಹೆಣ್ಣುಮಗಳಿಗೆ ಆದಾಯ ಇಲ್ಲಂತ! 2021ರ ಜನವರಿದಾಗ ಸುಪ್ರೀಂ ಕೋರ್ಟು ಮನೆಕೆಲಸಕ್ಕೂ ಆದಾಯ ಹಿಡಿಯಲೇಬೇಕು ಅಂತ ಹೇಳೈತಿ. ಅರ್ಜಿದಾಗ ಎರಡೂ ಬರೆಸ್ರಿ: ಮನಿ ಕೆಲಸ, ಹೊಲದ ಕೂಲಿ. ಹೈನ ಇದ್ರ ಡೇರಿ ಪಾಸ್‌ಬುಕ್ಕು ಲಗತ್ತಿಸ್ರಿ.

ಇಷ್ಟು ಕೋರ್ಟಿನ ಮಾತಾತು. ಈಗ ನಮ್ಮ ಊರ ಕಟ್ಟಿ ಮ್ಯಾಲಿನ ಮಾತಿಗೆ ಬರತೀನಿ. ಸಿಟ್ಟು ಬಂದ್ರೂ ಕೇಳ್ರಿ.

ಬಡಿದವನು ನಮ್ಮವನೇ ಇರತಾನ. ಬಾಜು ಊರಿನ ಟ್ರ್ಯಾಕ್ಟರು, ಬೀಗರ ಕಡೆಯ ಬೊಲೆರೊ. ಹಿರೇರು ಕೂಡತಾರ. ದವಾಖಾನಿ ಖರ್ಚಿನಾಗ ಅರ್ಧ, ಮ್ಯಾಲೆ ಇಪ್ಪತ್ತು ಮೂವತ್ತು ಸಾವಿರ, ಒಂದು ಸ್ಟ್ಯಾಂಪ್ ಪೇಪರಿನ ಮ್ಯಾಲೆ ಸಹಿ. "ನಮ್ಮ ಹುಡುಗನ ಮ್ಯಾಲೆ ಯಾಕ ಕೇಸು?" ಅಂತಾರ. ಪೊಲೀಸರಿಗೆ ಸುದ್ದಿನೇ ಹೋಗೂದಿಲ್ಲ. ದವಾಖಾನ್ಯಾಗ "ಬಿದ್ದು ಪೆಟ್ಟಾತು" ಅಂತ ಬರೆಸತಾರ. ಆರು ತಿಂಗಳಿಗೆ ಎಲುಬು ಕೂಡಲಿಲ್ಲ, ಎರಡನೇ ಆಪರೇಷನ್ ಬೇಕು ಅಂದಾಗ ಆ ಹಿರೇರು ಒಬ್ಬರೂ ಸಿಗೂದಿಲ್ಲ. ಆವಾಗ ಕೇಸ್ ಹಾಕಿದ್ರ ಕಂಪನಿಯವರು ಮೊದಲು ತಗಿಯೋದು ಅದೇ ದವಾಖಾನಿ ಹಾಳಿ: "ಬಿದ್ದು ಪೆಟ್ಟಾತು ಅಂತ ಇವರೇ ಬರೆಸ್ಯಾರ, ಗಾಡಿ ಆಮ್ಯಾಲೆ ಸೇರಿಸ್ಯಾರ."

ಹಿರೇರೇ, ನೀವು ಕೆಟ್ಟವರು ಅಂತ ನಾನು ಹೇಳೂದಿಲ್ಲ. ಊರಾಗ ವೈರತ್ವ ಬ್ಯಾಡ ಅನ್ನೋದು ನಿಮ್ಮ ಉದ್ದೇಶ. ಆದ್ರ ಒಂದು ತಿಳಕೋರಿ. 146ನೇ ಕಲಂ ಪ್ರಕಾರ ರಸ್ತೆಗೆ ಇಳಿಯೋ ಪ್ರತಿ ಗಾಡಿಗೂ ಮೂರನೇ ವ್ಯಕ್ತಿ ವಿಮೆ ಕಡ್ಡಾಯ. ಗಾಡಿಗೆ ವಿಮೆ ಇದ್ದು, ಡ್ರೈವರನಿಗೆ ಲೈಸೆನ್ಸ್ ಇದ್ರ ಪರಿಹಾರ ಕೊಡೋದು ಕಂಪನಿ, ನಿಮ್ಮ ಹುಡುಗನ ಕಿಸೆಯಿಂದ ಅಲ್ಲ. ಅವರಪ್ಪ ವರ್ಷಾ ವರ್ಷಾ ಪ್ರೀಮಿಯಂ ಕಟ್ಟಿದ್ದು ಇದೇ ದಿನದ ಸಲುವಾಗಿ. ಹಂಗಿದ್ದಾಗ ರಾಜಿ ಮಾಡಿಸಿ ಲಾಭ ಮಾಡಿಕೊಟ್ಟದ್ದು ಯಾರಿಗೆ? ಊರಿಗೂ ಅಲ್ಲ, ಹುಡುಗನಿಗೂ ಅಲ್ಲ. ಒಂದು ರೂಪಾಯಿ ಕೊಡದ ಕಂಪನಿಗೆ. ನವಲಗುಂದ, ನರಗುಂದ ರೈತರು 1980ರ ಜುಲೈ 21ರಂದು ಮಲಪ್ರಭಾ ನೀರು ಬಾರದ ಹೊಲಕ್ಕೂ ಕರ ಕೇಳಿದ್ದಕ್ಕೆ ಎದುರು ನಿಂತು ಗುಂಡು ತಿಂದವರು. ಆ ಮಣ್ಣಿನವರು ನಾವು ಮುರಿದ ಕಾಲು ಇಟ್ಟುಕೊಂಡು ಮೂವತ್ತು ಸಾವಿರಕ್ಕೆ ಹೆಬ್ಬೆಟ್ಟು ಒತ್ತೋದು ನೋಡಿದ್ರ ಹೊಟ್ಟಿ ಉರೀತೈತಿ.

ಟ್ರ್ಯಾಕ್ಟರ್ ಇದ್ದವರಿಗೂ ಒಂದು ಮಾತು. ವಿಮೆ ಇಲ್ಲದ ಗಾಡಿ ಬಡಿದ್ರ ಪರಿಹಾರ ಮಾಲೀಕನ ತಲಿ ಮ್ಯಾಲೆ. ವಸೂಲಿಗೆ ಹೊಲ ಜಪ್ತಿತನಕ ಹೋಗತೈತಿ. ಟ್ರೇಲರ್‌ಗೂ ವಿಮೆ ಐತೇನು ಅಂತ ಪಾಲಿಸಿ ತಗದು ನೋಡ್ರಿ. ಕೃಷಿ ಕೆಲಸಕ್ಕೆ ಅಂತ ಪಾಲಿಸಿ ಮಾಡಿಸಿ ಇಟ್ಟಂಗಿ, ಉಸುಕು ಬಾಡಿಗೆ ಹೊಡಿಯೋ ಮುಂದ ಅಪಘಾತ ಆದ್ರ ಕಂಪನಿ ತಕರಾರು ತಗಿಯೋದು ಅಲ್ಲೇ. ಸರಕು ಗಾಡ್ಯಾಗ ಸುಮ್ಮನ ಹತ್ತಿಸಿಕೊಂಡ ಜನರಿಗೆ ಕಂಪನಿ ಜವಾಬ್ದಾರಿ ಅಲ್ಲ ಅಂತ 2002ರ ಕೊನಿಗೇ ಸುಪ್ರೀಂ ಕೋರ್ಟು ಹೇಳಿಬಿಟ್ಟೈತಿ. ಮಡ್‌ಗಾರ್ಡ್ ಮ್ಯಾಲೆ ಕುಂದ್ರಿಸಿಕೊಂಡು ಹೋದ ಆಳಿಗೆ ಏನಾದ್ರೂ ಆದ್ರ ಕಂಪನಿ ಕೈ ಎತ್ತತೈತಿ. ಇಪ್ಪತ್ತು ಹೆಣ್ಣಾಳು ಒಂದು ಡಬ್ಬಿದಾಗ ತುಂಬಿ ಹೆದ್ದಾರಿಗೆ ಇಳಿಯೋರು ಇದನ್ನ ನೆನಪಿಡ್ರಿ. ನ್ಯಾಯ ನಮಗ ಬೇಕಾದ್ರ ನಮ್ಮ ಆಳಿಗೂ ಬೇಕು.

ಮೂರನೇ ಶತ್ರು ದವಾಖಾನಿ ಬಾಗಿಲಾಗ ನಿಂತಿರತಾನ. ಸ್ಟ್ರೆಚರ್ ಮ್ಯಾಲೆ ಇರೋ ಮುಂದನ ಬಂದು, "ಕೇಸ್ ನಾವು ನೋಡ್ಕೋತೀವಿ, ಖರ್ಚು ಬ್ಯಾಡ, ಬಂದದ್ದರಾಗ ಇಷ್ಟು ಪಾಲು" ಅಂತ ಖಾಲಿ ಹಾಳಿ ಮ್ಯಾಲೆ ಸಹಿ ಕೇಳತಾನ. ಪರಿಹಾರದಾಗ ಪಾಲು ಮಾತಾಡೋದು ವಕೀಲರಿಗೆ ಭಾರತೀಯ ವಕೀಲರ ಪರಿಷತ್ತಿನ ನಿಯಮದಾಗೇ ನಿಷಿದ್ಧ. ಪ್ರಾಮಾಣಿಕ ವಕೀಲರು ನಮ್ಮ ತಾಲೂಕಿನಾಗ ಇದಾರ, ಫೀ ಮೊದಲೇ ಮಾತಾಡಿ ಹೇಳತಾರ. ಹೆಣ್ಣುಮಕ್ಕಳಿಗೆ, ಪರಿಶಿಷ್ಟ ಜಾತಿ-ಪಂಗಡದವರಿಗೆ, ಅಂಗವಿಕಲರಿಗೆ, ಕಡಿಮಿ ಆದಾಯದವರಿಗೆ ತಾಲೂಕು, ಜಿಲ್ಲಾ ಕಾನೂನು ಸೇವಾ ಸಮಿತಿಯಿಂದ ವಕೀಲರು ಪುಕ್ಕಟೆ ಸಿಗತಾರ. ಖಾಲಿ ಹಾಳಿಗೆ ಸಹಿ ಮಾತ್ರ ಯಾರಿಗೂ ಬ್ಯಾಡ.

ಏನು ಮಾಡಬೇಕು ಅಂತ ಕೇಳೋರಿಗೆ ನನಗ ತಿಳಿದಷ್ಟು ಹೇಳತೀನಿ. ದವಾಖಾನ್ಯಾಗ ಮೊದಲ ದಿನಾನೇ ರಸ್ತೆ ಅಪಘಾತ ಅಂತ ಎಂಎಲ್‌ಸಿ ಬರೆಸ್ರಿ, ಗಾಡಿ ನಂಬರ್ ಗೊತ್ತಿದ್ರ ಅದನ್ನೂ ಹೇಳ್ರಿ. ನೇಮಿಸಿದ ದವಾಖಾನ್ಯಾಗ ಏಳು ದಿನದತನಕ ಒಂದೂವರೆ ಲಕ್ಷ ರೂಪಾಯಿವರೆಗೂ ನಗದು ಇಲ್ಲದ ಚಿಕಿತ್ಸೆ ಕೊಡೋ ಕೇಂದ್ರದ ಯೋಜನೆ 2025ರ ಮೇ ತಿಂಗಳಾಗ ಬಂದೈತಿ, ಕೇಳ್ರಿ. ಠಾಣೆದಾಗ ಎಫ್‌ಐಆರ್ ಪ್ರತಿ ತಗೋರಿ. 2022ರ ಏಪ್ರಿಲ್‌ನಿಂದ ಪೊಲೀಸರು 48 ತಾಸಿನಾಗ ಮೊದಲ ಅಪಘಾತ ವರದಿ, 90 ದಿನದಾಗ ಪೂರ್ತಿ ವರದಿ ನ್ಯಾಯಮಂಡಳಿಗೆ ಕಳಿಸಬೇಕು ಅಂತ ನಿಯಮ ಐತಿ. ಅದರ ಪ್ರತಿ ಕೇಳೋದು ನಿಮ್ಮ ಹಕ್ಕು, ದಯಾ ಅಲ್ಲ.

ಕ್ಲೇಮ್ ಅರ್ಜಿಗೆ ಈಗ ಆರು ತಿಂಗಳ ಗಡುವು ಐತಿ. ಮೊದಲು ಇರಲಿಲ್ಲ, ತಿದ್ದುಪಡಿ ತಂದು 2022ರಿಂದ ಹಾಕಿದ್ರು. ಎಲುಬು ಕೂಡಾಕೇ ಆರು ತಿಂಗಳು ಬೇಕು, ಈ ಗಡುವು ಬಡವನ ಕುತ್ತಿಗಿಗೆ ಹಗ್ಗ ಅಂತ ನನ್ನ ಅಭಿಪ್ರಾಯ. ಅದನ್ನ ಪ್ರಶ್ನಿಸಿದ ಅರ್ಜಿ ಸುಪ್ರೀಂ ಕೋರ್ಟಿನಾಗ ಅದಾವ. ಅವು ಮುಗಿಯೋತನಕ ತಡ ಆತು ಅಂತ ಅರ್ಜಿ ವಜಾ ಮಾಡಬಾರದು ಅಂತ 2025ರ ನವೆಂಬರ್‌ನಾಗ ಮಧ್ಯಂತರ ಆದೇಶ ಆಗೇತಿ. ಅದನ್ನ ನಂಬಿ ಕೂಡಬ್ಯಾಡ್ರಿ, ಆರು ತಿಂಗಳೊಳಗ ಹಾಕ್ರಿ. ಅಪಘಾತ ಬ್ಯಾರೆ ಜಿಲ್ಲಾದಾಗ ಆಗಿದ್ರೂ ನೀವು ಇರೋ ಊರಿನ ವ್ಯಾಪ್ತಿಯ ನ್ಯಾಯಮಂಡಳಿದಾಗೇ ಹಾಕಬಹುದು.

164ನೇ ಕಲಂದಾಗ ತಪ್ಪು ಯಾರದು ಅಂತ ಸಾಬೀತು ಮಾಡದೇ ಭಾರಿ ಗಾಯಕ್ಕೆ 2.5 ಲಕ್ಷ, ಸಾವಿಗೆ 5 ಲಕ್ಷ ಐತಿ. ಸುಲಭ ಅನ್ನಿಸತೈತಿ. ಆದ್ರ ಕಂಪನಿ ಜೋಡಿ ಆ ರೊಕ್ಕಕ್ಕೆ ಒಪ್ಪಿ ತಗೊಂಡ್ರ 166ರ ಕೆಳಗಿನ ಪೂರ್ತಿ ಪರಿಹಾರದ ಅರ್ಜಿ ಬಿದ್ದು ಹೋಗತೈತಿ. ಸಣ್ಣ ಗಾಯಕ್ಕೆ ಅದು ಸಾಕಾಗಬಹುದು, ಜೀವಮಾನದ ಊನಕ್ಕೆ ಸಾಲೂದಿಲ್ಲ. ಬಡಿದು ಓಡಿಹೋದ ಗಾಡಿ ಸಿಗಲೇ ಇಲ್ಲ ಅಂದ್ರ ಸರ್ಕಾರದ ಯೋಜನೆದಾಗ ಸಾವಿಗೆ 2 ಲಕ್ಷ, ಭಾರಿ ಗಾಯಕ್ಕೆ 50 ಸಾವಿರ ಐತಿ. ಅರ್ಜಿ ತಹಶೀಲ್ದಾರ್ ಅಥವಾ ಉಪವಿಭಾಗಾಧಿಕಾರಿ ಕಡೆ ಹೋಗತೈತಿ.

ಎಲ್ಲಾಕ್ಕಿಂತ ಮುಖ್ಯ, ಒಂದು ಇಪ್ಪತ್ತು ರೂಪಾಯಿ ನೋಟ್‌ಬುಕ್ ಇಡ್ರಿ. ಆಳಿನ ಖರ್ಚು, ಟ್ರ್ಯಾಕ್ಟರ್ ಬಾಡಿಗೆ, ದವಾಖಾನಿಗೆ ಹೋದ ಗಾಡಿ ಖರ್ಚು, ಜೋಡಿ ಇದ್ದವರ ಕೂಲಿ ನಷ್ಟ, ಎಲ್ಲಾ ದಿನಾಂಕ ಹಾಕಿ ಬರೀರಿ. ಆಳಿಗೆ ಕೊಡೋ ರೊಕ್ಕ ಆದಷ್ಟು ಫೋನ್‌ಪೇ ಮಾಡ್ರಿ, ಅದೇ ಸಾಕ್ಷಿ ಆಗತೈತಿ. ನನ್ನ ಪ್ರಕರಣ ಮ್ಯಾಲಿನ ಕೋರ್ಟಿಗೆ ಹೋದಾಗ ಆದಾಯ 11,750, ದುಡಿಮೆ ನಷ್ಟ ಶೇಕಡಾ 20 ಅಂತ ಹಿಡಿದ್ರು. 1,24,800 ಇದ್ದದ್ದು 3,66,600 ಆತು. ವರ್ಷಕ್ಕೆ 28,200 ಅಂದಂಗ. ಇನ್ನೂ ನನ್ನ ಆಳಿನ ಖರ್ಚಿನ ಅರ್ಧಕ್ಕೂ ಬಂದಿಲ್ಲ. ಆದ್ರೂ ಕೆಳಗಿನ ತೀರ್ಪಿನ ಸುಮಾರು ಮೂರು ಪಟ್ಟು. ಮ್ಯಾಲ್ಮನವಿಗೆ 90 ದಿನ ಅವಕಾಶ ಇರತೈತಿ, ತಕರಾರಿನ ಮೊತ್ತ ಒಂದು ಲಕ್ಷಕ್ಕಿಂತ ಕಡಿಮಿ ಇದ್ರ ಮಾತ್ರ ಮ್ಯಾಲ್ಮನವಿ ಇಲ್ಲ.

ತಡ ಆಗೋದು ಖರೆ. ಕೋರ್ಟು ಸಾಮಾನ್ಯವಾಗಿ ಶೇಕಡಾ 6 ಬಡ್ಡಿ ಕೊಡತೈತಿ, ಸಾವಕಾರ ನೂರಕ್ಕೆ ತಿಂಗಳಿಗೆ 3 ರೂಪಾಯಿ, ಅಂದ್ರ ವರ್ಷಕ್ಕೆ 36 ತಗೋತಾನ. ಆ ನಡುವಿನ ಮೂವತ್ತು ಶೇಕಡಾನೇ ರೈತನನ್ನ ಕಡಿಮಿ ರಾಜಿಗೆ ಒಪ್ಪಿಸೋದು. ಕಂಪನಿಗೆ ಅದು ಗೊತ್ತು, ಅದಕ್ಕೇ ಕಾಯಿಸತೈತಿ. ಲೋಕ ಅದಾಲತ್ ಒಳ್ಳೇದೇ, ರೊಕ್ಕ ಲಗೂನ ಬರತೈತಿ. ಆದ್ರ ಅಲ್ಲಿ ಆದದ್ದಕ್ಕೆ ಮ್ಯಾಲ್ಮನವಿ ಇಲ್ಲ. ಸಹಿ ಮಾಡೋಕಿಂತ ಮೊದಲು ಹಾಳಿ ಮ್ಯಾಲೆ ಲೆಕ್ಕ ಹಾಕಿಸ್ರಿ: ಆದಾಯ ಎಷ್ಟು ಹಿಡಿದ್ರಿ, ಊನ ಎಷ್ಟು ಹಿಡಿದ್ರಿ, ಗುಣಕ ಎಷ್ಟು? 2017ರ ಪ್ರಣಯ್ ಸೇಠಿ ತೀರ್ಪಿನ ಪ್ರಕಾರ ಸ್ವಂತ ದುಡಿಮೆಯವರಿಗೆ ಮುಂದಿನ ಆದಾಯ ಏರಿಕೆ ಅಂತ 40ರ ಒಳಗಿನವರಿಗೆ ಶೇಕಡಾ 40, 40ರಿಂದ 50ಕ್ಕೆ 25, 50ರಿಂದ 60ಕ್ಕೆ 10 ಸೇರಿಸಬೇಕು. ಅದು ಸಾವಿನ ಪ್ರಕರಣದ ತೀರ್ಪು, ಕಾಯಂ ಊನ ಆದವರಿಗೂ ಅದು ಅನ್ವಯ ಅಂತ 2020ರಾಗ ಹೇಳ್ಯಾರ. ಅದನ್ನ ಸೇರಿಸೀರೇನು ಅಂತ ಕೇಳ್ರಿ.

ನಮ್ಮ ರೈತ ಸಂಘಟನೆಗಳು ಬೆಳಿವಿಮೆಗೆ, ಬೆಂಬಲ ಬೆಲೆಗೆ, ಮಹದಾಯಿಗೆ ರಸ್ತೆಗೆ ಇಳೀತಾವ. ಬೇಕು, ನಾನೂ ಬರತೀನಿ. ಅದರ ಜೋಡಿ ಇದನ್ನೂ ಕೇಳೋಣ: ರೈತನ ಊನ ಅಳಿಯೋ ಮುಂದ ರೈತನ ಕೆಲಸ ನೋಡಿ ಅಳೀರಿ, ಮೂರರಿಂದ ಭಾಗಿಸೋದು ಬಿಡ್ರಿ. ಅಂದಾಜು ಆದಾಯದ ಪಟ್ಟಿ ಕನಿಷ್ಠ ಅಂತ ಬರೀರಿ, ಅದೇ ಗರಿಷ್ಠ ಅಂತ ನಡೆಸಬ್ಯಾಡ್ರಿ. ಆರು ತಿಂಗಳ ಗಡುವು ತಗೀರಿ. ನಮ್ಮ ಊರ ಹಿರೇರ ಕಡೆ ನನ್ನ ಬೇಡಿಕೆ ಒಂದೇ: ಎಫ್‌ಐಆರ್ ಆಗೋತನಕ ಪಂಚಾಯ್ತಿ ಕೂಡಬ್ಯಾಡ್ರಿ. ಆಮ್ಯಾಲೆ ಕೂಡ್ರಿ, ಮನಸ್ತಾಪ ಬಗೆಹರಿಸ್ರಿ, ಇಬ್ಬರನ್ನೂ ಕೂಡಿಸಿ ಚಹಾ ಕುಡಿಸ್ರಿ. ಪರಿಹಾರದ ಲೆಕ್ಕ ಮಾತ್ರ ಕಾನೂನಿಗೆ ಬಿಡ್ರಿ.

ನಿಮ್ಮೂರಾಗ ಇಂಥಾದ್ದು ಆಗಿದ್ರ ಇದನ್ನ ಅವರ ಮನಿಯವರಿಗೆ ಓದಿ ಹೇಳ್ರಿ, ಓದು ಬಾರದ ಅಜ್ಜನಿಗೂ ತಿಳಿಯೋಹಂಗ. ಕಡ್ಲಿ ಬಿತ್ತಿಗಿ ಬಗ್ಗೆ ಮುಂದಿನ ವಾರ ಬರೀತೀನಿ. ಟ್ರೇಲರ್ ಹಿಂದ ಇವತ್ತೇ ಒಂದು ಕೆಂಪು ರೇಡಿಯಂ ಅಂಟಿಸ್ರಿ.